ಫಿರಂಗಿಯೂ ತಕ್ಕಡಿಯೂ

ಕನ್ನಡದಲ್ಲಿ ಫಿರಂಗಿಯೆಂಬ ಶಬ್ದಕ್ಕೆ ಎರಡು ಅರ್ಥಗಳುಂಟು. ಕೋಟೆಯ ಬುರುಜಿನ ಮೇಲಣ ತೋಪು ಒಂದು. ಕಡಲದಾರಿಯಿಂದ ಬಂದ ಯುರೋಪಿನ ಪರದೇಶಿಯು ಇನ್ನೊಂದು. ಕೆಲವು ಸೀಮೆಗಳಲ್ಲಿ ಅದೇ ಶಬ್ದವು ತುಸು ಮೆತ್ತಗಾಗಿ, ಪರಂಗಿಯೆಂದು ಒಂದು ಹಣ್ಣಿಗೂ ಹೆಸರಾಗಿರುವದು. ಮನುಷ್ಯನಿಗೂ ಅವನ ಆಯುಧಕ್ಕೂ ಅವನೊಡನೆ ಬಂದ ಹಣ್ಣಿಗೂ ಜನರು ಒಂದೇ ಹೆಸರನ್ನಿಟ್ಟದ್ದು ಅಕಸ್ಮಾತ್ತಾಗಿ ಇರಲಾರದು. ಸಾಮಾನ್ಯ ಜನರ ನಾಲಗೆಯು ಎಷ್ಟೋ ವೇಳೆ ಇತಿಹಾಸದ ಸಾರವನ್ನು ಒಂದೇ ಶಬ್ದದಲ್ಲಿ ಕಟ್ಟಿಡುವದು. ಆ ಮನುಷ್ಯನು ತೋಪಿನ ಸಂಗಡವೇ ಬಂದನು. ಹಣ್ಣೂ ಅವನ ಸಂಗಡವೇ ಬಂದಿತು. ಹೀಗೆ ಒಂದೇ ಹಡಗಿನಲ್ಲಿ ಬಂದ ಕೇಡನ್ನೂ ಲೇಸನ್ನೂ ಬೇರೆ ಬೇರೆಯಾಗಿ ತೂಗಬೇಕೋ, ಕೂಡಿಸಿ ತೂಗಬೇಕೋ ಎಂಬದು ಧರ್ಮಜಿಜ್ಞಾಸುಗಳು ವಿಚಾರಿಸತಕ್ಕ ವಿಷಯವಾಗಿರುವದು.

ವಿಷಯವು ಗ್ರಂಥದ್ದಷ್ಟೇ ಅಲ್ಲ, ಅಡಿಗೆಮನೆಯದೂ ಹೌದು. ಹಾನಗಲ್ಲು, ಶಿಗ್ಗಾವಿ, ಸವಣೂರು, ಹಿರೇಕೆರೂರು ಈ ನಾಲ್ಕು ತಾಲೂಕುಗಳ ಯಾವ ಮನೆಗೇ ಹೋದರೂ ಒಗ್ಗರಣೆಯ ಡಬ್ಬಿಯ ಮಗ್ಗುಲಲ್ಲಿ ಬ್ಯಾಡಗಿಯ ಮೆಣಸಿನಕಾಯಿ ಇರುವದು. ಅದರ ಕೆಂಪು ಬಣ್ಣಕ್ಕೂ ಹಿತವಾದ ಖಾರಕ್ಕೂ ಎಣೆಯಿಲ್ಲವೆಂದು ದೇಶದೇಶಗಳ ವರ್ತಕರು ಒಪ್ಪಿರುವರು. 2011ರಲ್ಲಿ ಅದಕ್ಕೆ ಭೌಗೋಳಿಕ ಸೂಚಿಯ ಮನ್ನಣೆಯೂ ದೊರೆಯಿತು. ಆದರೆ ಈ ಗಿಡವು ಈ ಮಣ್ಣಿನಲ್ಲಿ ಹುಟ್ಟಿದ್ದಲ್ಲ. ಅದರ ತವರು ಅಮೇರಿಕಾ ಖಂಡ. ಈ ದೇಶಕ್ಕೆ ಅದು ಬಂದದ್ದು ಪೋರ್ತುಗೀಸರ ಹಡಗುಗಳ ಮೂಲಕ. ಆರುನೂರು ವರುಷಗಳ ಹಿಂದೆ ಹಾನಗಲ್ಲಿನ ಅಡಿಗೆಯಲ್ಲಿ ಖಾರವೆಂದರೆ ಘಟ್ಟದ ಮೆಣಸು. ಆ ಮೆಣಸನ್ನು ಕೊಂಡೊಯ್ಯಲು ಬಂದವರೇ ಈ ಕಾಯಿಯನ್ನು ತಂದರು. ಜನರು ಹಳೆಯದರ ಹೆಸರನ್ನೇ ಹೊಸದಕ್ಕೂ ಕೊಟ್ಟು ಮೆಣಸಿನಕಾಯಿಯೆಂದು ಕರೆದರು. ಈಗ ಹೊಲಹೊಲದಲ್ಲಿ ಬೆಳೆಯುವ ಗೋವಿನಜೋಳವೂ ಶೇಂಗಾವೂ ಅದೇ ಖಂಡದ ಮೂಲದವು. ಆದುದರಿಂದ, ಆ ಹಡಗುಗಳ ಪಾಪಪುಣ್ಯದ ಮಾತು ಬಂದಾಗ, ಇದು ದೂರದ ಕಡಲಿನ ಕಥೆಯೆಂದು ಈ ಸೀಮೆಯವರು ಕೈ ತೊಳೆದುಕೊಳ್ಳಲು ಬಾರದು. ಅದರ ಫಲವನ್ನು ಅವರು ನಿತ್ಯವೂ ಉಣ್ಣುತ್ತಿರುವರು.

ಮೊದಲು ನಡೆದದ್ದನ್ನು ತಿಳಿಯುವ. ವಾಸ್ಕೋ ಡ ಗಾಮನು 1498ರಲ್ಲಿ ಮೊದಲ ಸಲ ಈ ತೀರಕ್ಕೆ ಬಂದಾಗ ಅವನಲ್ಲಿ ಹೆಚ್ಚಿನ ಬಲವಿರಲಿಲ್ಲ. ಹಿಂತಿರುಗುವಾಗ ಕಾರವಾರದ ಸಮೀಪದ ಅಂಜದೀವ ದ್ವೀಪದಲ್ಲಿ ನೀರು ಕಟ್ಟಿಗೆಗಳನ್ನು ಕೂಡಿಸಿಕೊಂಡು ಮುಂದೆ ಸಾಗಿದನು. ಎರಡನೆಯ ಸಲ, 1502ರಲ್ಲಿ, ಅವನು ಸುಮಾರು 20 ಹಡಗುಗಳ ಪಡೆಯೊಡನೆ ಬಂದನು. ಇಷ್ಟರಲ್ಲಿ ಅವನ ದೊರೆಯಾದ ಮನುವೆಲನು ತನ್ನ ಬಿರುದಾವಳಿಯಲ್ಲಿ ಒಂದು ಹೊಸ ಬಿರುದನ್ನು ಸೇರಿಸಿಕೊಂಡಿದ್ದನು: ಇಥಿಯೋಪಿಯ, ಅರಬಸ್ತಾನ, ಪಾರಸ, ಹಿಂದುಸ್ತಾನಗಳ ವಿಜಯಕ್ಕೂ ನೌಕಾಯಾನಕ್ಕೂ ವಾಣಿಜ್ಯಕ್ಕೂ ತಾನು ಒಡೆಯನೆಂದು. ಈ ಬಿರುದಿನ ವಿಚಿತ್ರವನ್ನು ವಾಚಕರು ಗಮನಿಸಬೇಕು. ಭೂಮಿಗೆ ಒಬ್ಬನು ಒಡೆಯನಾಗಬಹುದು. ಕೋಟೆಗೆ ಒಬ್ಬನು ಒಡೆಯನಾಗಬಹುದು. ವಾಣಿಜ್ಯಕ್ಕೆ ಒಬ್ಬನು ಒಡೆಯನಾಗುವದು ಹೇಗೆ? ಕೊಡುವವನೊಬ್ಬ, ಕೊಳ್ಳುವವನೊಬ್ಬ, ಹೀಗೆ ಇಬ್ಬರಿದ್ದಲ್ಲದೆ ಅದು ಹುಟ್ಟಲೇ ಆರದು. ಒಬ್ಬನೇ ಒಡೆಯನಾದ ವಾಣಿಜ್ಯಕ್ಕೆ ಬೇರೆ ಹೆಸರನ್ನು ಹುಡುಕಬೇಕಾಗುವದು.

ಭಟಕಳವು ಆಗ ವಿಜಯನಗರದ ಸಾಮಂತರ ಕೈಯೊಳಗಿನ ದೊಡ್ಡ ಬಂದರವಾಗಿತ್ತು. ಹೊರ್ಮುಜಿನಿಂದ ಕುದುರೆಗಳೂ ಮುತ್ತುಗಳೂ ಅಲ್ಲಿಗೆ ಬರುತ್ತಿದ್ದವು. ಬಿಳಿಯ ಅಕ್ಕಿ, ಸಕ್ಕರೆ, ಕಬ್ಬಿಣಗಳು ಅಲ್ಲಿಂದ ಹೋಗುತ್ತಿದ್ದವೆಂದು ಬಾರ್ಬೊಸನೆಂಬ ಪೋರ್ತುಗೀಸನೇ ಬರೆದಿಟ್ಟಿರುವನು. ಜೈನರು, ನವಾಯತರು, ಅರಬರು, ಗುಜರಾತಿನವರು ಒಂದೇ ಪೇಟೆಯಲ್ಲಿ ಕೂತು ವ್ಯವಹರಿಸುತ್ತಿದ್ದರು. ಇಂಥ ಊರಿನ ಮುಂದೆ ಬಂದು ನಿಂತ ಗಾಮನು ಕೇಳಿದ್ದೇನು? ಗಾಸ್ಪರ್ ಕೊರೆಯನೆಂಬ ಪೋರ್ತುಗೀಸ ಬರಹಗಾರನು ಹೇಳುವಂತೆ, ಇನ್ನು ಮುಂದೆ ಈ ಬಂದರದಲ್ಲಿ ಮೆಣಸಿನ ವ್ಯಾಪಾರ ಕೂಡದು. ತುರ್ಕರ ಹಡಗುಗಳು ಬರಕೂಡದು. ಇಲ್ಲಿಯ ಹಡಗುಗಳು ಕಲ್ಲಿಕೋಟೆಗೆ ಹೋಗಕೂಡದು. ಮೇಲಾಗಿ ವರುಷ ವರುಷವೂ ಹಡಗಿನ ಆಳುಗಳಿಗೆ 1000 ಹೇರು, ನಾಯಕರಿಗೆ ಇನ್ನೂ ಉತ್ತಮವಾದ 500 ಹೇರು ಅಕ್ಕಿಯನ್ನು ಕಾಣಿಕೆಯಾಗಿ ಒಪ್ಪಿಸಬೇಕು. ಊರಿನವರು ಒಪ್ಪಿದರು. ಅದೇ ವರುಷ ಮಕ್ಕೆಯ ಯಾತ್ರೆಯಿಂದ ಮರಳುತ್ತಿದ್ದ ಮೀರಿಯೆಂಬ ಹಡಗನ್ನು, ಅದರೊಳಗಿನ ಹೆಂಗಸರು ಮಕ್ಕಳ ಸಹಿತವಾಗಿ, ಮಲಬಾರದ ಕಡಲಿನಲ್ಲಿ ಸುಟ್ಟವರು ಇವರೇ. ಅಂಥವರ ಮುಂದೆ ಒಪ್ಪಿಕೊಂಡ ಮಾತನ್ನು ಒಪ್ಪಿಗೆಯೆನ್ನಬಹುದೋ ಇಲ್ಲವೋ ಎಂಬದನ್ನು ಮುಂದೆ ನೋಡುವದಿರುವದು.

ತರುವಾಯ ಕಡಲಿನ ಮೇಲೆ ಕರ್ತಾಜ್ ಎಂಬ ರಹದಾರಿಯ ಪದ್ಧತಿಯು ಜಾರಿಗೆ ಬಂದಿತು. ಪೋರ್ತುಗೀಸರ ಚೀಟಿಯಿಲ್ಲದೆ ಹೊರಟ ಹಡಗು, ಸರಕು ಸಹಿತವಾಗಿ, ಅವರ ವಶ. ಕಾಣಿಕೆ ತಪ್ಪಿದ ಭಟಕಳವನ್ನು 1542ರಲ್ಲಿ ಮಾರ್ತಿಮ್ ಅಫೋನ್ಸೊ ಡ ಸೋಜನು ಸೂರೆಮಾಡಿ ಸುಟ್ಟನು. ಇಲ್ಲಿ ಒಂದು ಮಾತನ್ನು ಒತ್ತಿ ಹೇಳುವದು ಅವಶ್ಯ. ನೌಕಾಪಡೆಗಳು ಮುಚ್ಚಿದ ನಾಡುಗಳನ್ನು ವ್ಯಾಪಾರಕ್ಕೆ ತೆರೆದವೆಂದು ಪಾಠಪುಸ್ತಕಗಳು ಹೇಳುವದುಂಟು. ಕನ್ನಡದ ಕರಾವಳಿಯಲ್ಲಿ ನಡೆದದ್ದು ಇದಕ್ಕೆ ತೀರ ವಿರುದ್ಧ. ಭಟಕಳ, ಹೊನ್ನಾವರ, ಬಸರೂರುಗಳು ಮೊದಲೇ ತೆರೆದಿದ್ದವು. ಅವುಗಳನ್ನು ತೆರೆಯಲು ಯಾರೂ ಬರಬೇಕಾಗಿರಲಿಲ್ಲ. ಬಂದ ಹಡಗುಗಳು ಎಲ್ಲರಿಗೂ ತೆರೆದಿದ್ದ ಬಾಗಿಲನ್ನು ಎಳೆದು ಮುಚ್ಚಿ, ತಮಗೊಂದು ದಿಡ್ಡಿಯನ್ನು ಇಟ್ಟುಕೊಂಡವು.

ನಿಜವಾಗಿ ಮುಚ್ಚಿದ್ದ ದೇಶವೆಂದರೆ ಜಪಾನ. ಅದರ ಕಥೆಯೂ ಇದೇ ನೂಲಿನ ಇನ್ನೊಂದು ತುದಿ. ಗೋವೆಯಿಂದ ಮಲಾಕ, ಮಕಾವುಗಳ ಮಾರ್ಗವಾಗಿ ಪೋರ್ತುಗೀಸರ ಹಡಗು ಜಪಾನಿಗೆ ಹೋಗುತ್ತಿದ್ದಿತು. ಅವರ ಜನ ಮೊದಲು ಅಲ್ಲಿ ಕಾಲಿಟ್ಟದ್ದು 1543ರಲ್ಲಿ. ಬಂದೂಕು ಹೋಯಿತು, ವ್ಯಾಪಾರ ಹೋಯಿತು, ಹಿಂದೆಯೇ ಮತಪ್ರಚಾರವೂ ಹೋಯಿತು. ಜಪಾನಿನ ಆಳುವವರಿಗೆ ಸಂಶಯ ಹುಟ್ಟಿ, 1639ರಲ್ಲಿ ಪೋರ್ತುಗೀಸರಿಗೆ ಬಾಗಿಲನ್ನು ಮುಚ್ಚಿದರು. ನಾಗಸಾಕಿಯ ಬಂದರದಲ್ಲಿ ಡಚ್ಚರಿಗೂ ಚೀನಿಯರಿಗೂ ಮಾತ್ರ ತುಸು ಎಡೆಯುಳಿಯಿತು. ಮುಚ್ಚಿದ ರೀತಿಯೇನೂ ಸೌಮ್ಯವಾಗಿರಲಿಲ್ಲ: ಮರುವರುಷ ಮಕಾವಿನಿಂದ ಸಂಧಾನಕ್ಕೆ ಬಂದ ನಿಯೋಗದ 61 ಜನರನ್ನು ಕೊಲ್ಲಿಸಿದರು. ಸಂಧಾನಕ್ಕೆ ಬಂದವರು ಅವಧ್ಯರೆಂಬ ನೀತಿಯನ್ನು ಮೀರಿದ ಈ ಕೃತ್ಯಕ್ಕೆ ಯಾವ ಸಮಾಧಾನವೂ ಇಲ್ಲ.

ಎರಡು ನೂರಕ್ಕೂ ಹೆಚ್ಚು ವರುಷ ಈ ಬಾಗಿಲು ಹಾಗೆಯೇ ಇದ್ದಿತು. 1846ರಲ್ಲಿ ಅಮೇರಿಕಾ ಸಂಯುಕ್ತ ಸಂಸ್ಥಾನದ ಬಿಡ್ಲನೆಂಬ ನೌಕಾಧಿಕಾರಿಯು ಬಂದು, ವ್ಯಾಪಾರ ಮಾಡುವಿರೋ ಎಂದು ಕೇಳಿ, ಇಲ್ಲವೆನ್ನಿಸಿಕೊಂಡು ಸುಮ್ಮನೆ ಮರಳಿದನು. 1853ನೆಯ ಜುಲೈ 8ರಂದು ಅದೇ ದೇಶದ ಮ್ಯಾಥ್ಯೂ ಪೆರಿಯು ನಾಲ್ಕು ಯುದ್ಧದ ಹಡಗುಗಳೊಡನೆ ಯೆಡೊ ಕೊಲ್ಲಿಯ ಬಾಯಲ್ಲಿರುವ ಉರಗಾದ ಮುಂದೆ ಲಂಗರು ಹಾಕಿದನು. ನಾಲ್ಕರಲ್ಲಿ ಎರಡು ಉಗಿಯಿಂದ ನಡೆಯುವಂಥವು. ಕಪ್ಪು ಹಡಗುಗಳು ಬಂದವೆಂದು ಜನರು ಬೆದರಿದರು; ಪೋರ್ತುಗೀಸರ ಹಡಗುಗಳನ್ನೂ ಅವರು ಪೂರ್ವದಲ್ಲಿ ಇದೇ ಹೆಸರಿನಿಂದ ಕರೆದಿದ್ದರು. ನಾಗಸಾಕಿಗೆ ಹೋಗಿರೆಂದರೆ ಪೆರಿಯು ಒಪ್ಪಲಿಲ್ಲ. ತನ್ನ ಅಧ್ಯಕ್ಷ ಫಿಲ್ಮೋರನ ಪತ್ರವನ್ನು ಅಲ್ಲಿಯೇ ತೆಗೆದುಕೊಳ್ಳಬೇಕೆಂದು ಹಟ ಹಿಡಿದು ಒಪ್ಪಿಸಿ, ಉತ್ತರಕ್ಕೆ ಮತ್ತೆ ಬರುವೆನೆಂದು ಹೇಳಿ ಹೋದನು. ಮರುವರುಷ ಇನ್ನೂ ಹೆಚ್ಚು ಹಡಗುಗಳೊಡನೆ ಬಂದನು. 1854ನೆಯ ಮಾರ್ಚ್ 31ರಂದು ಕಾನಗಾವಾದ ಒಪ್ಪಂದವಾಯಿತು. ಶಿಮೋದಾ, ಹಾಕೊದಾತೆ ಎಂಬ ಎರಡು ಬಂದರಗಳು ತೆರೆದವು. ಯುದ್ಧವಾಗಲಿಲ್ಲ. ಯುದ್ಧವಾಗಬಹುದೆಂಬ ನೆರಳೇ ಕೆಲಸ ಮಾಡಿತು. 1858ರ ಇನ್ನೊಂದು ಒಪ್ಪಂದದಿಂದ ಮುಖ್ಯ ವ್ಯಾಪಾರಕ್ಕೆ ದಾರಿಯಾಯಿತು; ಆದರೆ ತನ್ನ ಬಂದರದ ಸುಂಕವನ್ನು ತಾನೇ ಗೊತ್ತುಮಾಡುವ ಹಕ್ಕನ್ನೂ, ತನ್ನ ನೆಲದಲ್ಲಿ ತಪ್ಪು ಮಾಡಿದ ಪರದೇಶಿಯನ್ನು ತಾನೇ ವಿಚಾರಿಸುವ ಹಕ್ಕನ್ನೂ ಜಪಾನವು ಕಳೆದುಕೊಂಡಿತು. ಎರಡನೆಯದು ಮರಳಿ ಕೈಗೆ ಬಂದದ್ದು 1899ರಲ್ಲಿ. ಮೊದಲನೆಯದು ಪೂರ್ಣವಾಗಿ ಬಂದದ್ದು 1911ರಲ್ಲಿ.

ಹೀಗೆ ಒಂದು ಕಡೆ ತೆರೆದ ಬಾಗಿಲನ್ನು ಮುಚ್ಚಿದರು; ಇನ್ನೊಂದು ಕಡೆ ಮುಚ್ಚಿದ ಬಾಗಿಲನ್ನು ತೆರೆದರು. ತೆರೆಯುವದೇ ಪುಣ್ಯ, ಮುಚ್ಚುವದೇ ಪಾಪವೆಂದು ಇಟ್ಟುಕೊಂಡರೆ ಗಾಮನು ಪಾಪಿಯೂ ಪೆರಿಯು ಪುಣ್ಯವಂತನೂ ಆಗಬೇಕು. ಆದರೆ ಎರಡೂ ಕಡೆಗಳಲ್ಲಿ ಸಮಾನವಾಗಿ ನಡೆದದ್ದು ಒಂದುಂಟು. ಮನೆಯ ಯಜಮಾನನ ಕೈಯಿಂದ ಅಗುಳಿಯನ್ನು ಕಿತ್ತುಕೊಂಡರು. ತೆರೆಯಲಿ, ಮುಚ್ಚಲಿ, ಅದನ್ನು ನಿಶ್ಚಯಿಸತಕ್ಕವನು ಅವನಾಗಿರಲಿಲ್ಲ. ವಿಚಾರದ ಕೀಲು ಇಲ್ಲಿರುವದು.

ವಾಣಿಜ್ಯವನ್ನು ಮನುವು ಸತ್ಯಾನೃತವೆಂದು ಕರೆದಿರುವನು. ಸತ್ಯವೂ ಸುಳ್ಳೂ ಬೆರೆತ ವೃತ್ತಿಯೆಂದು ಅದರ ತಾತ್ಪರ್ಯ. ಮಾರುವವನು ತನ್ನ ಸರಕನ್ನು ತುಸು ಹೊಗಳುವನು. ಕೊಳ್ಳುವವನು ಅದನ್ನು ತುಸು ಹಳಿಯುವನು. ಇಷ್ಟು ಅನೃತವನ್ನು ಲೋಕವು ಸಹಿಸಿಕೊಂಡಿರುವದು ಏಕೆ? ಸವಣೂರಿನ ಸಂತೆಯಲ್ಲಿ ವೀಳ್ಯದೆಲೆಯ ಕಟ್ಟನ್ನು ಮುಂದಿಟ್ಟುಕೊಂಡು ಕೂತವನು ಹೇಳಿದ ಬೆಲೆ ಸರಿಬಾರದಿದ್ದರೆ, ಕೊಳ್ಳಲು ಬಂದವನು ಒಲ್ಲೆನೆಂದು ಎದ್ದು ಹೋಗಬಲ್ಲನು. ಅವನು ನಾಲ್ಕು ಹೆಜ್ಜೆ ಹೋದ ಮೇಲೆ ಇವನು ಕೂಗಿ ಕರೆಯಬಹುದು, ಕರೆಯದಿರಲೂಬಹುದು. ಎಲೆಯವನೂ ಈ ಬೆಲೆಗೆ ಕೊಡಲೊಲ್ಲೆನೆಂದು ಕಟ್ಟನ್ನು ಮತ್ತೆ ಮುಚ್ಚಿಡಬಲ್ಲನು. ಈ ಎರಡು ಒಲ್ಲೆಗಳ ನಡುವೆ ಹುಟ್ಟಿದ ಬೆಲೆಯೇ ನ್ಯಾಯದ ಬೆಲೆ. ತಕ್ಕಡಿಗೆ ಎರಡು ತಟ್ಟೆಗಳಿರುವಂತೆ ವ್ಯಾಪಾರಕ್ಕೆ ಎರಡು ಒಲ್ಲೆಗಳಿರಬೇಕು. ಒಂದು ಕಡೆಯ ಒಲ್ಲೆಯು ತೋಪಿನ ಸದ್ದಿನಲ್ಲಿ ಅಡಗಿಹೋದರೆ, ತೂಕದ ಕಲ್ಲುಗಳು ಎಷ್ಟೇ ಸರಿಯಾಗಿದ್ದರೂ ಅಲ್ಲಿ ವ್ಯಾಪಾರ ನಡೆಯಿತೆಂದು ಹೇಳಲಾಗದು. ಬಲಾತ್ಕಾರದಿಂದ ನಡೆದ ದಾನಕ್ಕೂ ಭೋಗಕ್ಕೂ ಲೇಖನಕ್ಕೂ ಬೆಲೆಯಿಲ್ಲವೆಂಬದು ಮನುಸ್ಮೃತಿಯ ವ್ಯವಹಾರಪ್ರಕರಣದ ನಿರ್ಣಯ. ಆ ಸ್ಮೃತಿಯ ಎಷ್ಟೋ ಮಾತುಗಳನ್ನು ಇಂದಿನವರು ಒಪ್ಪುವದಿಲ್ಲ, ಒಪ್ಪಬೇಕಾಗಿಯೂ ಇಲ್ಲ. ಈ ಮಾತನ್ನಾದರೋ 1872ರ ಕರಾರಿನ ಕಾಯಿದೆಯೂ ತನ್ನ ರೀತಿಯಲ್ಲಿ ಹೇಳಿರುವದು: ಬೆದರಿಸಿ ಪಡೆದ ಕರಾರನ್ನು ಬೆದರಿಕೆಗೊಳಗಾದವನು ರದ್ದುಗೊಳಿಸಬಹುದು. ಹಾಗಿರಲು, ಇಬ್ಬರು ಮನುಷ್ಯರ ನಡುವೆ ಅನ್ಯಾಯವಾದದ್ದು ಎರಡು ರಾಜ್ಯಗಳ ನಡುವೆ ನ್ಯಾಯವಾಗುವದು ಯಾವ ಕಾರಣದಿಂದ? ಭಟಕಳದ ಒಪ್ಪಿಗೆಯೂ ಕಾನಗಾವಾದ ಒಪ್ಪಿಗೆಯೂ ಒಪ್ಪಿಗೆಯ ವೇಷ ಹಾಕಿದ ಶರಣಾಗತಿಗಳೇ.

ಇದಕ್ಕೆ ಮೂರು ಪೂರ್ವಪಕ್ಷಗಳು ಏಳುವವು. ಮೊದಲನೆಯದು ಅತಿಥಿಧರ್ಮದ್ದು. ಬಾಗಿಲಿಗೆ ಬಂದವನನ್ನು ಇಲ್ಲವೆಂದು ಕಳುಹುವದು ಗೃಹಸ್ಥನಿಗೆ ದೋಷ. ಹಾಗೆಯೇ ಭೂಮಿಯ ಮೇಲಿನ ಒಂದು ದೇಶವು ತನ್ನನ್ನು ಪೆಟ್ಟಿಗೆಯಂತೆ ಮುಚ್ಚಿಕೊಳ್ಳುವದು ಮಾನವಕುಲಕ್ಕೆ ದ್ರೋಹವಲ್ಲವೇ ಎಂದು. ಈ ಆಕ್ಷೇಪವು ತಳ್ಳಿಹಾಕುವಂಥದ್ದಲ್ಲ. ಫಿಲ್ಮೋರನ ಪತ್ರದಲ್ಲಿ ಹಡಗು ಒಡೆದು ಜಪಾನಿನ ದಂಡೆಗೆ ಬಿದ್ದ ನಾವಿಕರನ್ನು ಕರುಣೆಯಿಂದ ಕಾಣಬೇಕೆಂಬ ಬೇಡಿಕೆಯಿದ್ದಿತು. ಹಾದುಹೋಗುವ ಹಡಗುಗಳಿಗೆ ಕಲ್ಲಿದ್ದಲು, ನೀರು, ಆಹಾರ ಬೇಕೆಂದಿದ್ದಿತು. ವ್ಯಾಪಾರ ಬೇಕೆಂದೂ ಇದ್ದಿತು. ಇಲ್ಲಿ ವಿವೇಕ ಬೇಕು. ಭಗವದ್ಗೀತೆಯನ್ನು ಓದಿದವರಿಗೆ ಆರ್ತ, ಅರ್ಥಾರ್ಥಿ ಎಂಬ ಭೇದವು ತಿಳಿದದ್ದೇ. ಕಡಲಿನಿಂದ ಎದ್ದುಬಂದು ಮರಳಿನಲ್ಲಿ ಬಿದ್ದವನು ಆರ್ತನು. ಅವನಿಗೆ ಬಾಗಿಲನ್ನು ತೆರೆಯುವದು ಔದಾರ್ಯವಲ್ಲ, ಕರ್ತವ್ಯ. ಅವನನ್ನು ಸೆರೆಯಲ್ಲಿಟ್ಟವನು ತನ್ನ ಮನೆ, ತನ್ನ ಇಚ್ಛೆಯೆಂದು ಹೇಳಲಾರನು. ಲಾಭವನ್ನು ಬಯಸಿ ಬಂದವನು ಅರ್ಥಾರ್ಥಿಯು. ಅವನಿಗೆ ತೆರೆಯುವದೂ ತೆರೆಯದಿರುವದೂ ಮನೆಯವನ ವಿಚಾರಕ್ಕೆ ಬಿಟ್ಟದ್ದು. ಪೆರಿಯು ಈ ಎರಡೂ ಬೇಡಿಕೆಗಳನ್ನು ಒಂದೇ ಪೆಟ್ಟಿಗೆಯಲ್ಲಿಟ್ಟು ಒಪ್ಪಿಸಿದನು. ಆರ್ತನ ಹೆಸರಿನಿಂದ ಅರ್ಥಾರ್ಥಿಯೂ ಒಳಹೊಕ್ಕನು. ಲೋಕದಲ್ಲಿ ಮೋಸವು ಹೆಚ್ಚಾಗಿ ನಡೆಯುವದು ಹೀಗೆಯೇ. ಕೇವಲ ಸುಳ್ಳನ್ನು ಹೇಳಿ ಅಲ್ಲ, ನಿಜದ ಸೆರಗಿಗೆ ಸುಳ್ಳನ್ನು ಗಂಟುಹಾಕಿ.

ಅತಿಥಿಯು ಕತ್ತಿಯನ್ನು ಹಿಡಿದು ಬರುವದಿಲ್ಲವೆಂಬದೂ ಇಲ್ಲಿ ನೆನೆಯತಕ್ಕ ಮಾತು. ಹಾಗೆಂದರೆ ಈ ನಾಡಿನ ವರ್ತಕರೇನು ಬರಿಗೈಯವರೇ ಎಂದು ಕೇಳಬಹುದು. ಹಿರೇಕೆರೂರಿಗೆ ಸಮೀಪವಾದ ಬಳ್ಳಿಗಾವಿಯ ಶಾಸನಗಳಲ್ಲಿ ಹೊಗಳಿಸಿಕೊಂಡ ಅಯ್ಯಾವೊಳೆಯ ಐನೂರ್ವರು ವೀರಬಣಂಜುಗಳೆನ್ನಿಸಿಕೊಂಡವರು. ಆಯುಧವಿಲ್ಲದೆ ದೂರದ ದಾರಿ ನಡೆದವರಲ್ಲ. ಆದರೆ ದಾರಿಗಳ್ಳನಿಂದ ಹೇರೆತ್ತುಗಳನ್ನು ಕಾಯುವ ಕತ್ತಿಯು ಬೇರೆ, ಕೊಳ್ಳುವವನ ಕೊರಳ ಮೇಲೆ ಇಟ್ಟ ಕತ್ತಿಯು ಬೇರೆ. ಮೊದಲನೆಯದು ವ್ಯಾಪಾರವನ್ನು ಉಳಿಸುವದು, ಎರಡನೆಯದು ಅದನ್ನು ಕೊಲ್ಲುವದು. ಐನೂರ್ವರಲ್ಲಿಯೂ ಯಾರಾದರೂ ಎರಡನೆಯ ಕೆಲಸವನ್ನು ಮಾಡಿದ್ದರೆ ಅವರಿಗೂ ಇದೇ ತೀರ್ಪು ಸಲ್ಲತಕ್ಕದ್ದು.

ಎರಡನೆಯ ಪೂರ್ವಪಕ್ಷವು ಫಲದ್ದು. ಮೆಣಸಿನಕಾಯಿ ಬಂದಿತು, ಗೋವಿನಜೋಳ ಬಂದಿತು, ಬಡವನ ಹೊಟ್ಟೆ ತುಂಬಿತು. ಜಪಾನವು ಬಾಗಿಲು ತೆರೆದ ಐವತ್ತು ವರುಷಗಳೊಳಗಾಗಿ ಜಗತ್ತಿನ ಬಲಿಷ್ಠ ರಾಷ್ಟ್ರಗಳ ಸಾಲಿನಲ್ಲಿ ನಿಂತಿತು. ಕಹಿಯಾದ ಔಷಧವನ್ನು ಮಗುವಿನ ಮೂಗು ಹಿಡಿದು ಕುಡಿಸುವದಿಲ್ಲವೇ? ಇದಕ್ಕೆ ಉತ್ತರವು ಎರಡು ಬಗೆಯದು. ಮೂಗು ಹಿಡಿದವಳು ತಾಯಿ. ಅವಳು ಕುಡಿಸುವದು ಮಗುವಿನ ಹಿತಕ್ಕೆ. ಗಾಮನು ಬ್ಯಾಡಗಿಯ ರೈತನ ಹಿತವನ್ನು ಬಯಸಿ ಬಂದವನಲ್ಲ. ಅವನ ಮನಸ್ಸಿನಲ್ಲಿದ್ದದ್ದು ಮೆಣಸು. ಕಾಯಿಯು ಹಡಗಿನ ಮೂಲೆಯಲ್ಲಿ ಬಂದದ್ದು. ಮಾಡಿದವನು ಬಯಸದ ಫಲವನ್ನು ಅವನ ಪುಣ್ಯದ ಲೆಕ್ಕಕ್ಕೆ ಹಾಕುವದು ಯಾವ ಲೆಕ್ಕ? ಮೇಲಾಗಿ, ಆ ಬೀಜವನ್ನು ಮಣ್ಣಿಗೆ ಹಾಕಿ, ಬಣ್ಣವನ್ನೂ ಖಾರವನ್ನೂ ನೋಡಿ ನೋಡಿ ಒಳ್ಳೆಯದನ್ನು ಆರಿಸಿ, ಡಬ್ಬಿ, ಕಡ್ಡಿ ಎಂಬ ತಳಿಗಳನ್ನು ತಲೆತಲಾಂತರದಿಂದ ಉಳಿಸಿಕೊಂಡು ಬಂದವರು ಈ ಸೀಮೆಯ ರೈತರು, ಅವರ ಮನೆಯ ಹೆಣ್ಣುಮಕ್ಕಳು. ಬ್ಯಾಡಗಿಯ ಮೆಣಸಿನಕಾಯಿಯು ಅವರ ಬೆವರಿನದು; ತೋಪಿನದಲ್ಲ. ಜಪಾನಿನ ಏಳಿಗೆಯೂ ಆ ಜನರ ಶ್ರಮದ್ದು.

ಇನ್ನು, ಬೀಜಕ್ಕೆ ತೋಪು ಬೇಕೇ? ಹೊರ್ಮುಜಿನ ಕುದುರೆಗಳು ಭಟಕಳಕ್ಕೆ ಬರುವದಕ್ಕೆ ಯಾವ ಬಂದರವನ್ನೂ ಸುಡಬೇಕಾಗಿರಲಿಲ್ಲ. ತೆರೆದ ಬಂದರಕ್ಕೆ ಮೆಣಸಿನಕಾಯಿಯೂ ಒಂದಿಲ್ಲೊಂದು ದಿನ ಯಾವದೋ ವರ್ತಕನ ಚೀಲದಲ್ಲಿ ಬಂದೇ ಬರಬಹುದಾಗಿತ್ತು. ಹಡಗು ತಂದದ್ದಕ್ಕೆ ಹಡಗಿಗೆ ಉಪಕಾರವನ್ನು ಹೇಳಬಹುದು. ಅದರ ಮೇಲಿದ್ದ ತೋಪಿಗೆ ಹೇಳಬೇಕಾದದ್ದಿಲ್ಲ. ಕಳ್ಳನು ಓಡುವಾಗ ಬೀಳಿಸಿದ ಮಾವಿನ ಓಟೆಯು ಹಿತ್ತಲಲ್ಲಿ ಮೊಳೆತು ಮರವಾದರೆ, ಮರದ ನೆರಳಲ್ಲಿ ಕೂಡುವದು ತಪ್ಪಲ್ಲ. ಆದರೆ ಕೂತವರು ಕಳ್ಳತನವನ್ನು ಹೊಗಳಬೇಕಾಗಿಲ್ಲ.

ಮೂರನೆಯ ಪೂರ್ವಪಕ್ಷವು ಇವೆರಡಕ್ಕಿಂತಲೂ ಚುಚ್ಚುವಂಥದ್ದು. ಪೆಟ್ಟು ತಿಂದವರು ತಾವೇನು ನಿರ್ದೋಷಿಗಳೇ? ಗೋವೆಯನ್ನು 1510ರಲ್ಲಿ ಹಿಡಿಯಲು ಅಲ್ಬುಕರ್ಕನಿಗೆ ನೆರವಾದವನು ಹೊನ್ನಾವರದ ತಿಮ್ಮಯ್ಯನು. 1547ರಲ್ಲಿ ವಿಜಯನಗರವು ಪೋರ್ತುಗೀಸರೊಡನೆ ಮಾಡಿಕೊಂಡ ಒಪ್ಪಂದದಲ್ಲಿ ಗೋವೆಗೆ ಬಂದ ಕುದುರೆಗಳು ತನಗೇ ಬರಬೇಕು, ಬಿಜಾಪುರಕ್ಕೆ ಹೋಗಕೂಡದೆಂಬ ಕರಾರಿದ್ದಿತು. ತನ್ನ ಕರಾವಳಿಯ ಬಾಗಿಲನ್ನು ಪರರು ಮುಚ್ಚಿದಾಗ ನೊಂದ ನಾಡೇ, ನೆರೆಯವನ ಬಾಗಿಲನ್ನು ಅದೇ ಪರರ ಕೈಯಿಂದ ಮುಚ್ಚಿಸಿತು. ಜಪಾನಿನ ಕಥೆಯು ಇದಕ್ಕಿಂತಲೂ ಘೋರ. ಪೆರಿಯು ಬಂದುಹೋಗಿ ಇಪ್ಪತ್ತೆರಡು ವರುಷಗಳಾಗುವದರೊಳಗೆ, 1875ರಲ್ಲಿ, ಜಪಾನವು ತನ್ನದೊಂದು ಯುದ್ಧದ ಹಡಗನ್ನು ಕೊರಿಯಾದ ದಂಡೆಗೆ ಕಳುಹಿ ಕಲಹವನ್ನು ಎಬ್ಬಿಸಿತು. 1876ರಲ್ಲಿ ಪಡೆಯ ಬಲದಿಂದ ಒಪ್ಪಂದವನ್ನು ಬರೆಯಿಸಿಕೊಂಡು ಕೊರಿಯಾದ ಬಂದರಗಳನ್ನು ತೆರೆಯಿಸಿತು. ತಾನು ಕಳೆದುಕೊಂಡ ಹಕ್ಕುಗಳನ್ನು ಇನ್ನೂ ಮರಳಿ ಪಡೆಯದ ದೇಶವು, ತನಗಿಂತ ಅಶಕ್ತವಾದ ದೇಶದಿಂದ ಅಂಥವೇ ಹಕ್ಕುಗಳನ್ನು ಕಸಿದುಕೊಂಡಿತು.

ಈ ಪೂರ್ವಪಕ್ಷವು ಅನ್ಯಾಯವನ್ನು ನ್ಯಾಯವನ್ನಾಗಿ ಮಾಡಲಾರದು; ಆದರೆ ಅನ್ಯಾಯದ ನಿಜವಾದ ಫಲವು ಯಾವದೆಂಬದನ್ನು ತೋರಿಸಿಕೊಡುವದು. ತೋಪಿನಿಂದ ತೆರೆದ ಬಾಗಿಲಿನೊಳಗೆ ಸರಕು ಮಾತ್ರ ಬರುವದಿಲ್ಲ, ಒಂದು ಪಾಠವೂ ಬರುವದು. ಬಲವಿದ್ದವನು ಕೇಳಬೇಕಾಗಿಲ್ಲವೆಂಬದೇ ಆ ಪಾಠ. ಸರಕು ಕಾಲಾಂತರದಲ್ಲಿ ಸವೆಯುವದು. ಪಾಠವು ಶಿಷ್ಯನಿಂದ ಶಿಷ್ಯನಿಗೆ ಸಾಗುವದು. ಒಳ್ಳೆಯ ಫಲಗಳನ್ನು ಎಣಿಸುವವರು ಈ ಫಲವನ್ನೂ ಎಣಿಸಬೇಕು.

ಹಾಗಾದರೆ ಪೆಟ್ಟು ತಿಂದವನಿಗೆ ಬೇರೆ ಗತಿಯಿಲ್ಲವೇ? ಉಂಟು. ಕೆಳದಿಯ ವೆಂಕಟಪ್ಪ ನಾಯಕನ ಬಳಿಗೆ 1623ರಲ್ಲಿ ಗೋವೆಯಿಂದ ರಾಯಭಾರವು ಬಂದಾಗ, ಅದರ ಸಂಗಡ ಇಕ್ಕೇರಿಗೆ ಬಂದ ಇಟಲಿಯ ಪ್ರವಾಸಿ ಪಿಯೆತ್ರೊ ದೆಲ್ಲಾ ವಾಲ್ಲೆಯು ಕಂಡದ್ದನ್ನು ಬರೆದಿಟ್ಟಿರುವನು. ಪೋರ್ತುಗೀಸರಿಗೆ ನಾಯಕನ ರಾಜ್ಯದ ಮೆಣಸು ಬೇಕಾಗಿತ್ತು. ನಾಯಕನಿಗೂ ಮಾರುವದು ಬೇಕಾಗಿತ್ತು. ಆದರೆ ತಾನು ಸೋಲಿಸಿದ ಬಂಗ ಅರಸನ ಪರವಾಗಿ ಅವರು ಆಡಿದ ಮಾತಿಗೆ ಅವನು ಮಣಿಯಲಿಲ್ಲ. ಒಲ್ಲೆನೆಂಬ ಮಾತನ್ನು ಆಡಿದ ಮೇಲೂ ವ್ಯಾಪಾರವು ನಿಲ್ಲಲಿಲ್ಲ. ಒಲ್ಲೆನೆನ್ನಬಲ್ಲವನ ಸಂಗಡ ವ್ಯವಹರಿಸುವದನ್ನು ಲೋಕವು ಬೇಗನೆ ಕಲಿಯುವದೆಂಬದಕ್ಕೆ ಇದು ನಿದರ್ಶನ.

ಇಷ್ಟಾದ ಮೇಲೆ ವಿಚಾರವು ಕಡಲನ್ನು ಬಿಟ್ಟು ಊರಿಗೆ ಬರಬೇಕು. ಬಾರದಿದ್ದರೆ ಅದು ಪರರ ಪಾಪವನ್ನು ಎಣಿಸುವ ಹರಟೆಯಾಗಿ ಮುಗಿಯುವದು. ತೋಪೊಂದೇ ಒಲ್ಲೆನೆಂಬ ಮಾತನ್ನು ಅಡಗಿಸುವದೆಂದು ತಿಳಿಯಬಾರದು, ಸಾಲವೂ ಅಡಗಿಸುವದು. ಅಮೇರಿಕಾದ ಹತ್ತಿಯ ಬೀಜವನ್ನು 1842ರ ಸುಮಾರಿಗೆ ಧಾರವಾಡ ಸೀಮೆಯಲ್ಲಿ ಬಿತ್ತಿಸಿದರು. ಧಾರವಾಡ-ಅಮೇರಿಕನ್ ಎಂಬ ಹೆಸರಿನಿಂದ ಅದು ನೆಲೆಗೊಂಡಿತು. 1861ರಿಂದ 1865ರ ವರೆಗೆ ಅಮೇರಿಕಾದಲ್ಲಿ ಒಳಯುದ್ಧ ನಡೆದಾಗ ಇಲ್ಲಿಯ ಹತ್ತಿಗೆ ಬಂಗಾರದ ಬೆಲೆ ಬಂದಿತು. ಯುದ್ಧ ಮುಗಿದೊಡನೆ ಬೆಲೆ ಬಿದ್ದಿತು. ಬೆಲೆಯೇರಿದಾಗ ಮಾಡಿದ ಸಾಲವು ಬೆಲೆಯಿಳಿದಾಗ ತಾನೂ ಇಳಿಯುವದಿಲ್ಲ. ಯಾವ ಕಾಲಕ್ಕೂ, ಯಾವ ಪೇಟೆಯಲ್ಲಿಯೂ, ಬಿತ್ತನೆಗೆ ಮುಂಗಡವನ್ನು ಪಡೆದ ರೈತನು ಸುಗ್ಗಿಯಲ್ಲಿ ಚೀಲವನ್ನು ಹೊತ್ತುಕೊಂಡು ಸಾಲಗಾರನ ಅಂಗಡಿಗೇ ಬರುವನು. ಅವನು ಹೇಳಿದ ಬೆಲೆಯೇ ಬೆಲೆ. ತಕ್ಕಡಿಯು ಸರಿಯಾಗಿಯೇ ಇರುವದು. ಬೈಗುಳವೂ ಇಲ್ಲ, ಬೆದರಿಕೆಯೂ ಇಲ್ಲ. ಚಹವನ್ನೂ ತರಿಸಿ ಕೊಡುವರು. ಆದರೆ ರೈತನು ಒಲ್ಲೆನೆಂದು ಚೀಲವನ್ನು ಮತ್ತೆ ಹೆಗಲಿಗೇರಿಸಲಾರನು. ಉರಗಾದ ಕೊಲ್ಲಿಯಲ್ಲಿಯೂ ಒಂದು ತೋಪನ್ನು ಹಾರಿಸಿ ಯಾರನ್ನೂ ಕೊಲ್ಲಬೇಕಾಗಿರಲಿಲ್ಲ.

ಇದರಂತೆಯೇ, ಬೇರೆ ಕಡೆ ಕೆಲಸ ಸಿಗದೆಂದು ಬಲ್ಲ ಕೂಲಿಯವಳಿಗೆ ಅರ್ಧ ಕೂಲಿಯನ್ನು ಗೊತ್ತುಮಾಡುವ ಮನೆಯ ಯಜಮಾನನು, ಹೆಣ್ಣಿನ ತಂದೆಯ ಅವಸರವನ್ನು ಬಲ್ಲು ಬೇಡಿಕೆಯನ್ನೇರಿಸುವ ಬೀಗನು, ಇವರೂ ಎದುರಿನವನ ಒಲ್ಲೆಯನ್ನು ಕಸಿದುಕೊಂಡು ಅವನ ಹ್ಞೂವನ್ನು ಬರೆಯಿಸಿಕೊಂಡವರೇ. ಗಾಮನನ್ನು ಹಳಿಯುವದಕ್ಕೆ ಯಾವ ಧೈರ್ಯವೂ ಬೇಕಾಗಿಲ್ಲ. ಅವನು ಸತ್ತು ಐದು ನೂರು ವರುಷಗಳಾಗಿ ಹೋದವು. ತನ್ನ ಓಣಿಯ ವ್ಯವಹಾರವನ್ನು ಅದೇ ತಕ್ಕಡಿಯಲ್ಲಿ ತೂಗುವದಕ್ಕೆ ಧೈರ್ಯ ಬೇಕು.

ಆದುದರಿಂದ ನಿರ್ಣಯವು ಇಷ್ಟು. ಆರ್ತನಿಗೆ ಬಾಗಿಲನ್ನು ತೆರೆಯದಿರುವದು ಅಧರ್ಮ; ಅರ್ಥಾರ್ಥಿಯಾಗಿ ಬಂದು ಬಾಗಿಲನ್ನು ಒಡೆಯುವದೂ ಅಧರ್ಮ. ಒಡೆದ ಬಾಗಿಲಿನಿಂದ ಒಳ್ಳೆಯದು ಬಂದರೆ ಅದನ್ನು ಉಣ್ಣಬಹುದು, ಬೆಳೆಸಬಹುದು. ಅದರಿಂದ ಒಡೆದವನು ಶುದ್ಧನಾಗಲಿಲ್ಲ, ಉಂಡವನು ಪಾಪಿಯೂ ಆಗಲಿಲ್ಲ. ಉಂಡವನ ಮೇಲೆ ಒಂದು ಋಣ ಮಾತ್ರ ನಿಲ್ಲುವದು: ತನಗಿಂತ ಅಶಕ್ತನಾದವನು ತನ್ನೆದುರಿಗೆ ಒಲ್ಲೆನೆಂದಾಗ ಆ ಮಾತನ್ನು ಕೇಳಿಸಿಕೊಳ್ಳಬೇಕು. ಅಷ್ಟನ್ನು ಮಾಡಿದ ಮನೆಯಲ್ಲಿ ಬ್ಯಾಡಗಿಯ ಮೆಣಸಿನಕಾಯಿಯು ಬರಿಯ ಮೆಣಸಿನಕಾಯಿಯೇ. ಮಾಡದ ಮನೆಯಲ್ಲಿ, ಅದರ ಜೊತೆಯಲ್ಲಿ ಬಂದ ಫಿರಂಗಿಯೂ ಇನ್ನೂ ಇರುವದೆಂದು ತಿಳಿಯತಕ್ಕದ್ದು.